ಪೆಟ್ಟಿಗೆಯೊಳಗಿನ ಎಡಚಿ

ಓಬಳಮ್ಮ ಕುಣಿಗಲ್‌ನಲ್ಲಿ ತುಮಕೂರಿನ ಬಸ್ಸು ಹತ್ತಿದ್ದು ತನ್ನ ಅಜ್ಜಿಯ ಮುಖ ನೋಡೋಕೆ. ತನಗೆ ವಯಸ್ಸು ಎಪ್ಪತ್ತೆಂಟಾದರೂ ಆ ಮುಖ ಕಂಡವಳಲ್ಲ; ಇವಳು ಹುಟ್ಟೋಕೆ ಮೊದಲೇ ಅಜ್ಜಿ ಮಣ್ಣು ಸೇರಿದ್ದಳು. ಅವ್ವ ಹೇಳುತ್ತಿದ್ದುದು ಎರಡೇ ಮಾತು. ನಿಮ್ಮಜ್ಜಿ ಎಡಚಿ. ಯಾರೋ ಬಿಳಿ ದೊರೆ ಹುಲಿಯೂರುದುರ್ಗದ ಬೆಟ್ಟಕ್ಕೆ ಬಂದು, ಮೂರು ಕಾಲಿನ ಪೆಟ್ಟಿಗೆಯ ಹಿಡಿ ತಿರುಗಿಸಿ, ಅವಳನ್ನ ಅದರೊಳಕ್ಕೆ ಹಾಕ್ಕೊಂಡು ಹೋದ.

ಆ ಪೆಟ್ಟಿಗೆಯೊಳಗಿನದು ಈಗ ಕಾಲೇಜಿನ ಮೇಡಂ ಅರುಣಾ ಕೈಗೆ ಸಿಕ್ಕಿತ್ತು. ನೂರು ವರ್ಷದ ಹಿಂದಿನ ಮೂಕಿ ಚಿತ್ರ, ಐದು ನಿಮಿಷದ್ದು. ಆ ಬೆಟ್ಟದ ಕಾಡಿನ ಇರುಳಿಗ ಜನರ ಹಿರೀಕರು ಯಾರಾದರೂ ನೋಡಿ ಹೇಳಲಿ ಅಂತ ಅವರು ಆ ಕುಲದ ಓಬಳಮ್ಮನನ್ನ ಕರೆಸಿದ್ದರು.

ಲ್ಯಾಪ್‌ಟಾಪಿನಲ್ಲಿ ಮೊದಲು ಇಂಗ್ಲಿಷ್ ಅಕ್ಷರ ಬಂತು. "ಬೇಟೆಗೆ ಮುಂಚೆ ಈಟಿ ಹಿಡಿದು ಕುಣಿಯುವ ಕಾಡುಜನ, ಅಂತ ಬರ್ದಿದಾರೆ," ಅಂದರು ಅರುಣಾ. ಆಮೇಲೆ ಸೊಪ್ಪು ಸುತ್ತಿಕೊಂಡ ಹತ್ತಾರು ಜನ ಕುಣಿಯತೊಡಗಿದರು.

ಓಬಳಮ್ಮನಿಗೆ ನಗು ತಡೆಯಲಾಗಲಿಲ್ಲ. "ಅಯ್ಯೋ ಮೇಡಮ್ಮ, ಅದು ಈಟಿನಾ? ಕಾಡುಗೆಣಸು ಅಗೆಯೋ ಕೋಲು ಕಣವ್ವ! ಚೂಪು ಮೇಲ್ ಮಾಡ್ಕೊಂಡು ಕುಣೀತಾವ್ರೆ. ಸೊಪ್ಪಿನ್ ಕೆಳಗೆ ಪಂಚೆ ನೋಡು, ಬೆಳ್ಳಗೆ ಮಡಿ ಮಾಡಿರೋದು. ಗುಬ್ಬಿ ಕಡೆ ನಾಟಕದೋರನ್ನ ಹಿಡ್ಕಂಬಂದವ್ನೆ ಆ ದೊರೆ."

"ಹಾಗಾದ್ರೆ ನಿಮ್ಮೋರು ಇದರಲ್ಲಿ ಇಲ್ವಾ ಅಜ್ಜಿ?"

ನಗು ಅಲ್ಲೇ ನಿಂತಿತು. ಇಷ್ಟು ದೂರ ಬಂದದ್ದು ಪಂಚೆಯೋರನ್ನ ನೋಡೋಕಾ? "ಇನ್ನೊಂದ್ ಸಲ ಹಾಕವ್ವ," ಅಂದಳು.

ಎರಡನೇ ಸಲ ಕುಣಿಯೋರನ್ನ ಬಿಟ್ಟು ಅವರ ಹಿಂದೆ ನೋಡಿದಳು. ಮೂರನೇ ಸಲ ಬಂಡೆಯ ಮಗ್ಗುಲಲ್ಲಿ ಹುಡುಗಿಯೊಬ್ಬಳು ಕಂಡಳು. ಬೆನ್ನು ಓರೆಯಾಗಿ ಇತ್ತ ಮಾಡಿ ಕೂತಿದ್ದಳು, ಕುಣಿತದ ಗೊಡವೆಯೇ ಇಲ್ಲ. ಕೋಲಿನ ಚೂಪು ನೆಲದಲ್ಲಿತ್ತು. ಅಗೆದಳು, ಗೆಣಸು ಮುರಿದುಕೊಂಡಳು, ಬಳ್ಳಿ ಅಂಟಿದ ತಲೆಯನ್ನ ಮತ್ತೆ ಗುಂಡಿಗಿಟ್ಟು, ಮಣ್ಣೆಳೆದು, ಹಿಮ್ಮಡಿಯಿಂದ ಎರಡು ಸಲ ಒತ್ತಿದಳು.

"ನಮ್ಮೋಳು!" ಓಬಳಮ್ಮ ಕೂತಲ್ಲೇ ತನ್ನ ಹಿಮ್ಮಡಿ ಒತ್ತಿದಳು. "ತಲೆ ವಾಪಸ್ ಹೂಳ್ದಿದ್ರೆ ಮುಂದಿನ್ ವರ್ಷ ತಿನ್ನೋದೇನು? ಇದನ್ನ ನಾಟಕದೋರಿಗೆ ಯಾರ್ ಹೇಳ್ಕೊಟ್ಟಾರು! ಕೋಲು ಯಾವ್ ಕೈಲೈತೆ ನೀನೇ ನೋಡವ್ವ, ನನ್ ಕಣ್ಣ ನಂಬಾಕಾಗಲ್ಲ."

ಅರುಣಾ ಪರದೆಗೆ ಬಗ್ಗಿದರು. "ಎಡಗೈಲಿ."

ಓಬಳಮ್ಮ ಕುರ್ಚಿ ಮುಂದಕ್ಕೆಳೆದುಕೊಂಡಳು. ಹುಡುಗಿ ಎದ್ದಳು, ತಿರುಗಿದಳು, ಇದೇನು ಕರಕರ ಸದ್ದು ಅನ್ನೋ ಹಾಗೆ ಹುಬ್ಬು ಗಂಟಿಕ್ಕಿ ನೇರ ಪೆಟ್ಟಿಗೆಯನ್ನೇ ನೋಡಿದಳು.

"ನಿಲ್ಸು, ನಿಲ್ಸು!"

ಚಿತ್ರ ನಿಂತಿತು. ಇಪ್ಪತ್ತು ದಾಟದ ಮುಖ. ಅಜ್ಜಿ ಅನ್ನೋಕೆ ಬಾಯಿ ಬರಲಿಲ್ಲ, ಮೊಮ್ಮಗಳ ವಯಸ್ಸಿನವಳು. ಓಬಳಮ್ಮ ಸೆರಗಿನಿಂದ ಕನ್ನಡಕ ಒರೆಸಿಕೊಂಡು, ಅವಳ ಹಾಗೇ ಹುಬ್ಬು ಗಂಟಿಕ್ಕಿ ಹತ್ತಿರ ಬಗ್ಗಿದಳು.

"ಏನ್ಲೇ ಅಮ್ಮಿ, ಹಂಗ್ ನೋಡ್ತೀಯ?"