ಯಜಮಾನರ ಹೆಸರು

ಕುಂಕುಮಕ್ಕೆ ಬೆರಳದ್ದಿ ಪಲ್ಲವಿ ಕೈ ಮುಂದೆ ಚಾಚಿದ್ದೇ ತಡ, ಪುಟ್ಟತಾಯಮ್ಮ ಸರಕ್ಕನೆ ಮುಖ ಹಿಂದಕ್ಕೆಳೆದುಕೊಂಡಳು.

"ಬ್ಯಾಡ ಕಣವ್ವ. ನಂಗೆ ಇಕ್ಕಂಗಿಲ್ಲ."

ಪಲ್ಲವಿಯ ಬೆರಳು ಅಲ್ಲೇ ನಿಂತಿತು. ಪುಟ್ಟತಾಯಮ್ಮನ ಹಣೆಯಲ್ಲಿ ಸಣ್ಣ ಸ್ಟಿಕರ್ ಇತ್ತು, ಕೈಯಲ್ಲಿ ಎರಡು ಬಳೆಯೂ ಇದ್ದವು. ಈಗಿನ ಕಾಲದಲ್ಲಿ ನೋಡಿ ಹೇಳುವುದಾದರೂ ಹೇಗೆ? ದಾರಿಯಲ್ಲಿ ಗುಬ್ಬಿ ಪೇಟೆಯಲ್ಲಿ ಕಾರು ನಿಲ್ಲಿಸಿ ಕೊಂಡ ಮಲ್ಲಿಗೆ, ತೆಂಗಿನಕಾಯಿ, ರವಿಕೆ ಬಟ್ಟೆ, ಹಸಿರು ಬಳೆ ಎಲ್ಲ ತಟ್ಟೆಯಲ್ಲಿದ್ದವು. ಮಡಿಲು ತುಂಬಿ, ಅಕ್ಕಾ ಎಂದು ಕೇಳಿಕೊಂಡರೆ ಯಾವ ಹೆಂಗಸೂ ಇಲ್ಲ ಎನ್ನಲಾರಳು ಎಂದು ತುಮಕೂರಿನಿಂದ ನಿಟ್ಟೂರಿನ ಈ ಮನೆಯವರೆಗೂ ಅವಳು ಧೈರ್ಯ ತಂದುಕೊಂಡು ಬಂದಿದ್ದಳು. ಈಗ ನಾಚಿಕೆಯಿಂದ ಕುಗ್ಗಿಹೋದಳು.

"ನಂಗೆ ಗೊತ್ತಿರ್ಲಿಲ್ಲ ಅಕ್ಕ. ಇವ್ರು ಹೇಳ್ಲೇ ಇಲ್ಲ. ಒಬ್ಬ ಹೆಂಗಸು ಕೇಸ್ ಹಾಕಿದಾರೆ ಅಂದ್ರು, ಅಷ್ಟೇ."

"ನಮ್ಮೋರು ಹೋಗಿದ್ಕೇ ಅಲ್ವೇನವ್ವ ನಾನು ಕೆಲ್ಸ ಕೇಳ್ತಿರೋದು?"

ಪಲ್ಲವಿಯ ಗಂಡ ಚನ್ನೇಶ ಸಾಹೇಬನಾಗಿರುವ ಆಫೀಸಿನಲ್ಲಿ, ಅವನು ಬರುವ ಮೊದಲು, ಪುಟ್ಟತಾಯಮ್ಮನ ಗಂಡ ಜೀಪು ಓಡಿಸುತ್ತಿದ್ದ. ಡ್ಯೂಟಿಯಲ್ಲಿದ್ದಾಗಲೇ ಎದೆನೋವು ಬಂದು ಸತ್ತ. ಹೆಂಡತಿಗೆ ಅನುಕಂಪದ ಮೇಲೆ ಕೆಲಸ ಕೊಡಿ ಎಂದು ಹೈಕೋರ್ಟು ಹೇಳಿ ವರ್ಷವೇ ಕಳೆದಿತ್ತು. ದೇವರು ವರ ಕೊಟ್ಟರೂ ಪೂಜಾರಿ ಕೊಡಬೇಕಲ್ಲ! ಫೈಲು ಒಂದು ಮೇಜಿನಿಂದ ಇನ್ನೊಂದು ಮೇಜಿಗೆ ಹೋಗಿ ಅಲ್ಲೇ ಮಲಗಿತು. ಅವಳು ನ್ಯಾಯಾಂಗ ನಿಂದನೆಯ ಕೇಸು ಹಾಕಿದ ಮೇಲೆಯೇ ಚನ್ನೇಶನಿಗೆ ಎಚ್ಚರವಾದದ್ದು. ನಾಳೆ ಅವನು ಕೋರ್ಟಿಗೆ ಖುದ್ದು ಹಾಜರಾಗಬೇಕು. ನೇಮಕಾತಿಯ ಆರ್ಡರ್ ಇನ್ನೂ ಮೇಲಿನಿಂದ ಬಂದಿಲ್ಲ. ಬರಿಗೈಯಲ್ಲಿ ಬಂದರೆ ಜೈಲೇ ಗತಿ ಎಂದು ವಕೀಲರು ಹೇಳಿಬಿಟ್ಟಿದ್ದರು.

"ಇನ್ನೊಂದು ತಿಂಗಳು ಟೈಮ್ ಕೊಡೋಕೆ ಒಪ್ಗೆ ಇದೆ ಅಂತ ಈ ಕಾಗ್ದದಲ್ಲಿ ಒಂದು ಸೈನ್ ಹಾಕಿ ಅಕ್ಕ. ಇವ್ರು ಒಳಗೆ ಹೋದ್ರೆ ಕೆಲ್ಸನೂ ಹೋಗುತ್ತೆ, ಮಾನನೂ ಹೋಗುತ್ತೆ. ನಿಮ್ ಕಾಲಿಗ್ ಬೀಳ್ತೀನಿ." ಪಲ್ಲವಿ ಬಿದ್ದೇಬಿಟ್ಟಳು.

ಪುಟ್ಟತಾಯಮ್ಮ ತೋಳು ಹಿಡಿದು ಎತ್ತಿದಳು. ಕನಿಕರವೂ ಆಯಿತು, ಹೊಟ್ಟೆಯೊಳಗಿನ ಸಿಟ್ಟೂ ಉಕ್ಕಿತು.

"ನಾನೂ ಹಿಂಗೇ ಬಿದ್ದಿದೀನಿ ಕಣವ್ವ, ನಿಮ್ಮೋರ ಆಫೀಸ್ನಾಗೆ. ತಲೆ ಎತ್ತಿ ನೋಡ್ಲಿಲ್ಲ. ಎಲ್ಲವ್ರೆ ಈಗ?"

"ಕಾರಲ್ಲಿ."

"ಕರೀರಿ. ನಮ್ಮೋರ ಹೆಸ್ರು ಹೇಳ್ಲಿ. ಅಷ್ಟು ಹೇಳಿದ್ರೆ ಸೈನ್ ಹಾಕ್ತೀನಿ."

"ಏನಕ್ಕ ಅವ್ರ ಹೆಸ್ರು?" ಪಲ್ಲವಿ ಆತುರದಿಂದ ಕೇಳಿದಳು.

"ಗಂಡನ್ ಹೆಸ್ರು ನನ್ ಬಾಯಾಗೆ ಹೇಳಿಸ್ತೀರೇನವ್ವ? ಮದ್ವೇಲಿ ಎಲ್ರೂ ಬಲವಂತ ಮಾಡಿ ಒಂದ್ಸಲ ಹೇಳ್ಸಿದ್ರು. ಅದೇ ಕೊನೆ."

ಪಲ್ಲವಿ ಬೀದಿಗೆ ಓಡಿದಳು. ಕಾರಿನೊಳಗೆ ಚನ್ನೇಶ ಬೆವರುತ್ತ ಕೂತಿದ್ದ.

"ಸೈನ್ ಆಯ್ತಾ?"

"ಆಯಮ್ಮನ ಯಜಮಾನ್ರ ಹೆಸ್ರೇನ್ರೀ?"

"ಅದ್ಯಾಕೀಗ?"

"ಹೇಳ್ರೀ ಮೊದ್ಲು!"

ಚನ್ನೇಶ ಬಾಯಿ ತೆರೆದ. ಕೇಸಿನ ನಂಬರು ಬಾಯಿಪಾಠವಿತ್ತು. ತಾನು ಸಹಿ ಹಾಕಿದ ಪತ್ರಗಳಲ್ಲೆಲ್ಲ 'ಮೃತ ನೌಕರ' ಎಂದು ಬರೆದದ್ದೂ ನೆನಪಿತ್ತು. ಆ ಮನುಷ್ಯನ ಹೆಸರು ಮಾತ್ರ ನಾಲಿಗೆಗೆ ಬರಲಿಲ್ಲ. ಹಿಂದಿನ ಸೀಟಿನಿಂದ ಬ್ಯಾಗು ಎಳೆದುಕೊಂಡು ಕೋರ್ಟಿನ ನೋಟೀಸು ತೆಗೆದ. ದಿನವೂ ಓದುತ್ತಿದ್ದದ್ದೇ, ಆದರೆ ಓದುತ್ತಿದ್ದದ್ದು ತನ್ನ ಹೆಸರಿನಿಂದ ಕೆಳಕ್ಕೆ. ಪುಟ್ಟತಾಯಮ್ಮನ ಗಂಡನ ಹೆಸರು ಅದರ ಮೇಲಿನ ಸಾಲಿನಲ್ಲೇ ಇತ್ತು. ಪರೀಕ್ಷೆಗೆ ಹೊರಟವನ ಹಾಗೆ ಅದನ್ನು ಪಿಸುಗುಟ್ಟಿಕೊಳ್ಳುತ್ತಾ ಕಾರಿನಿಂದ ಇಳಿದ.

ಪುಟ್ಟತಾಯಮ್ಮ ಬಾಗಿಲಲ್ಲಿ ನಿಂತಿದ್ದಳು. ಅವನು ಮೆಟ್ಟಿಲ ಕೆಳಗೇ ನಿಂತ.

"ರಾಮಾಂಜಿನಯ್ಯ," ಅಂದ. ಆಮೇಲೆ ತಿದ್ದಿಕೊಂಡ. "ರಾಮಾಂಜಿನಯ್ಯನವರು."

ಪಲ್ಲವಿ ಪೆನ್ನಿನ ಕ್ಯಾಪು ತೆಗೆದು, ಕಾಗದದ ಜೊತೆ ಮುಂದೆ ಹಿಡಿದಳು. ಪುಟ್ಟತಾಯಮ್ಮ ಅತ್ತ ನೋಡಲೇ ಇಲ್ಲ. ಗೋಡೆ ಹಿಡಿದುಕೊಂಡು ಮೆಲ್ಲಗೆ ಜಗಲಿಯ ಮೇಲೆ ಕೂತಳು.

"ಇನ್ನೊಂದ್ಸಲ ಹೇಳಿ ಸಾರ್," ಅಂದಳು.

ಚನ್ನೇಶ ಹೇಳಿದ. ಅವಳು ಸೆರಗನ್ನು ಬಾಯಿಗೊತ್ತಿಕೊಂಡು, ಇನ್ನೂ ಅವನ ತುಟಿಗಳನ್ನೇ ನೋಡುತ್ತಿದ್ದಳು.