ಲಾಮಾಗಳಿಗೆ ಸ್ಪ್ಯಾನಿಷ್ ಬರುವುದಿಲ್ಲ

“ಮುಚ್ಚೇ ಬಾಯಿ, ಹೊಲಸು ಮುದುಕಿ. ನನ್ನೆದುರು ಆ ನಾಯಿಭಾಷೆಯ ಒಂದು ಸೊಲ್ಲೆತ್ತಿದರೂ ಹಲ್ಲು ಉದುರಿಸ್ತೀನಿ.”

ಸರ್ವೆ ಸಾಹೇಬ ಅಬೆಲಾರ್ದೋ ಸ್ಪ್ಯಾನಿಷ್‌ನಲ್ಲಿ ಹೀಗೆ ಗುಡುಗಿದ್ದು ತೋಮಾಸಾಗೆ ಚೆನ್ನಾಗಿಯೇ ತಿಳಿಯಿತು. ಪೆರುವಿನ ಬೆಟ್ಟಸೀಮೆಯ ಅವಳ ಮನೆಮಾತು ಕೆಚುವಾ. ಆದರೂ ಜಮೀನ್ದಾರರ ಮನೆಯಲ್ಲಿ ಹರೆಯವೆಲ್ಲ ಬಿಟ್ಟಿ ಚಾಕರಿಯಲ್ಲಿ ಸವೆಸಿದವಳಿಗೆ ಸ್ಪ್ಯಾನಿಷ್‌ನ ಬೈಗುಳ, ಅಪ್ಪಣೆ ಎರಡೂ ಬಾಯಿಪಾಠ. ಉಳಿದದ್ದನ್ನು ಅವಳ ಹತ್ತಿರ ಯಾರೂ ಆಡಿರಲಿಲ್ಲ.

ಅವಳು ಮಾಡಿದ ತಪ್ಪಾದರೂ ಏನು? ಬೆಟ್ಟ ಹತ್ತುತ್ತಿದ್ದ ತನ್ನ ಲಾಮಾಗಳಿಗೆ “ನಡೀರಪ್ಪ ನಡೀರಿ” ಅಂದಿದ್ದು. ಒಂಟೆಯ ಬಡ ನೆಂಟರಂಥ ಆ ಪ್ರಾಣಿಗಳ ಬೆನ್ನ ಮೇಲೆ ಅಳತೆಯ ದುರ್ಬೀನು, ಸರಪಳಿ, ಸಾಹೇಬನ ಮಡಿಚುವ ಕುರ್ಚಿ. ಇವತ್ತು ಅಳತೆ ಮುಗಿದರೆ ಮೇಲಿನ ಹುಲ್ಲುಗಾವಲು ಜಮೀನ್ದಾರರ ಪಾಲು, ನಾಳೆಗೆ ತಂತಿಬೇಲಿ. ಆಮೇಲೆ ಲಾಮಾಗಳೂ ಇಲ್ಲ, ಅವನ್ನು ನಂಬಿದ ಊರೂ ಇಲ್ಲ. ತಮ್ಮ ಹುಲ್ಲು ಕಸಿಯುವ ಸಾಮಾನನ್ನು ತಮ್ಮ ಲಾಮಾಗಳೇ ಹೊರಬೇಕಲ್ಲ ಎಂದು ಅವಳ ಹೊಟ್ಟೆ ಉರಿಯುತ್ತಿತ್ತು.

ಜೊತೆಗಿದ್ದ ಮೆಲ್ಚೋರ್ ಜಮೀನ್ದಾರರ ಮೇಸ್ತ್ರಿ. ತೋಮಾಸಾಳ ಅಕ್ಕನ ಮಗನೇ.

“ಚಿಕ್ಕವ್ವಾ, ಸುಮ್ಕಿರು. ನನ್ ಹೊಟ್ಟೆ ಮ್ಯಾಲೆ ಹೊಡೀಬ್ಯಾಡ,” ಎಂದು ಪಿಸುಗುಟ್ಟಿದ.

“ಅವ್ರ ಎಂಜಲು ತಿಂದು ಬೆಳೆಸಿದ್ ಹೊಟ್ಟೆ. ಒಂದೇಟು ಬಿದ್ರೆ ಏನೂ ಆಗಕ್ಕಿಲ್ಲ ಕಣ್ಲಾ,” ಎಂದವಳೇ ಬಾಯಿಗೆ ಬೀಗ ಹಾಕಿಕೊಂಡಳು.

ಹುಲ್ಲುಗಾವಲು ಕಣ್ಣಿಗೆ ಬೀಳುವಷ್ಟರಲ್ಲಿ ಮುಂದಿನ ಲಾಮಾ ಕಾಲು ಮಡಿಸಿ ಕೂತಿತು. ಹೊರೆ ಹೆಚ್ಚಾದರೆ ಅವುಗಳ ಜಾತಿಯೇ ಹಾಗೆ. ಹೊಡೆದರೂ ಏಳವು, ಒಡತಿ ಬಂದು ಕಿವಿಯ ಹತ್ತಿರ ನಾಲ್ಕು ಸಮಾಧಾನದ ಮಾತಾಡಬೇಕು. ಅದು ಕೂತದ್ದೇ ತಡ, ಉಳಿದವೂ ಕೂತವು. ಸಾಹೇಬ ಏಳು ಎಂದ, ಅದರ ತಾಯಿಯನ್ನು ಹಾದರಗಿತ್ತಿ ಎಂದ, ಬೂಟುಗಾಲಲ್ಲಿ ಒದ್ದ. ಲಾಮಾ ಕಿವಿ ಹಿಂದಕ್ಕೆ ಮಡಿಸಿ, ಹೊಟ್ಟೆಯೊಳಗಿನ ಹಸಿರು ಉಗುಳನ್ನೆಲ್ಲ ತಂದು ಅವನ ಮೀಸೆಗೆ ಉಗಿಯಿತು.

ಮೆಲ್ಚೋರ್ ಬಂದ ನಗುವನ್ನು ಕೆಮ್ಮಿ ನುಂಗಿದ.

“ಎಬ್ಬಿಸೇ ಇದನ್ನ.”

ತೋಮಾಸಾ ತುಟಿಯ ಮೇಲೆ ಬೆರಳಿಟ್ಟು ಭಯಭಕ್ತಿಯಿಂದ ತಲೆ ತಗ್ಗಿಸಿದಳು. ಅಪ್ಪಣೆ ಅಂದರೆ ಅಪ್ಪಣೆ. ಹೊತ್ತು ಇಳಿಯುತ್ತಿತ್ತು, ಗಾಳಿ ಕೊರೆಯುತ್ತಿತ್ತು, ಲಾಮಾಗಳು ಮೆಲುಕು ಹಾಕುತ್ತಿದ್ದವು.

“ನಿನ್ನ ಮನೆ ಹಾಳಾಗ, ಮಾತಾಡೇ,” ಎಂದು ಕೊನೆಗೆ ಸಾಹೇಬನೇ ಗೋಗರೆದ. “ನಿನ್ನ ನಾಯಿಭಾಷೇಲೇ ಮಾತಾಡು.”

ಅವಳು ಮಂಡಿಯೂರಿ ಲಾಮಾದ ಕಿವಿಯಲ್ಲಿ ಏನೋ ಹೇಳಿ, ಉದ್ದಕ್ಕೆ ಸಿಳ್ಳೆ ಹಾಕಿದಳು. ಅವೆಲ್ಲ ದಡಬಡನೆ ಎದ್ದು, ಹಿಂದಕ್ಕೆ ತಿರುಗಿ, ಬಂದ ದಾರಿಯಲ್ಲೇ ಇಳಿಜಾರಿಗೆ ಓಟ ಕಿತ್ತವು. ಮೊದಲ ತಿರುವಿನಲ್ಲೇ ದುರ್ಬೀನು ಕಳಚಿ, ಬಂಡೆಯಿಂದ ಬಂಡೆಗೆ ಠಣ್ ಠಣ್ಣೆನ್ನುತ್ತ ಕಣಿವೆ ಸೇರಿತು. ತೋಮಾಸಾ ತಕಲಿ ತಿರುಗಿಸಿ ಉಣ್ಣೆ ನೂಲುತ್ತ ಅವುಗಳ ಹಿಂದೆ ಹೊರಟಳು.

“ಏನಂದಳೋ ಆ ರಂಡೆ?”

“ಮನೆಗೆ ನಡೀರಿ ಅಂದ್ಲು, ಬುದ್ಧಿ.”

“ಯಾರ ಮನೆಗೆ?”

ಮೆಲ್ಚೋರ್ ಸಾಹೇಬನ ಮುಖ ನೋಡಿದ, ಹುಲ್ಲುಗಾವಲು ನೋಡಿದ.

“ನಮ್ಮನೆಗೆ,” ಎಂದ. ಬಾಯಿಂದ ಬಿದ್ದ ಮಾತಿಗೆ ತಾನೇ ಒಂದು ಗಳಿಗೆ ಬೆಚ್ಚಿದ. ಆಮೇಲೆ ಕೈಯಲ್ಲಿದ್ದ ಅಳತೆಕೋಲನ್ನು ಸಾಹೇಬನ ಕಾಲ ಬಳಿ ಎಸೆದು, “ಚಿಕ್ಕವ್ವಾ, ನಿಂತ್ಕಳೇ, ನಾನೂ ಬತ್ತೀನಿ,” ಎಂದು ಬೆಟ್ಟಕ್ಕೆಲ್ಲ ಕೇಳುವಂತೆ ಕೆಚುವಾದಲ್ಲಿ ಕೂಗುತ್ತ ಇಳಿಯತೊಡಗಿದ.