ಕಾಲು ಗಂಟೆಗೆ ಎತ್ತಿದ ಕೈ

"ಈ ಮುದುಕಪ್ಪ ಡೈರೆಕ್ಟ್ ಮಾಡಿದ ಎರಡು ಸಿನಿಮಾದಲ್ಲಿ ಒಂದನ್ನಾದ್ರೂ ನೋಡಿದೋರು ಇಲ್ಲಿ ಯಾರಾದ್ರೂ ಇದ್ದೀರೇನ್ರಪ್ಪಾ? ಇದ್ರೆ ಕೈ ಎತ್ತಿ, ನೋಡೋಣ!"

ನಿರ್ದೇಶಕ ಜೂಲಿಯನ್ ವೇನ್ ಹೀಗೆ ಕೂಗಿದ್ದು ಸ್ಟುಡಿಯೋದ ಸೆಟ್ಟಿನಲ್ಲಿ, ನಲವತ್ತು ಜನರ ಎದುರಿಗೆ, ಸಂಜೆ ನಾಲ್ಕೂಮುಕ್ಕಾಲಿಗೆ. ಒಬ್ಬರೂ ಕೈ ಎತ್ತಲಿಲ್ಲ. ನಾನೂ ಎತ್ತಲಿಲ್ಲ. ನಾನು ಎರಡನ್ನೂ ನೋಡಿದ್ದೆ. ಎರಡನೆಯದು ಲೀಡ್ಸ್‌ನಲ್ಲಿ ನಾಲ್ಕೇ ದಿನ ಓಡಿತ್ತು, ಅದಕ್ಕೆಂದೇ ರೈಲು ಹತ್ತಿ ಹೋಗಿದ್ದೆ. ಆದರೂ ಕೈ ಜೇಬಿನಿಂದ ಹೊರಗೆ ಬರಲಿಲ್ಲ.

ಆ ಮುದುಕಪ್ಪ, ನಮ್ಮ ಛಾಯಾಗ್ರಾಹಕ ಸಿರಿಲ್ ಹಾಲ್‌ರಾಯ್ಡ್ ತಿರುಗಿ ನೋಡಲಿಲ್ಲ. ಬೆಳಕು-ನೆರಳು ಪರೀಕ್ಷಿಸಲು ಕುತ್ತಿಗೆಗೆ ನೇತುಹಾಕಿಕೊಂಡಿದ್ದ ಕಂದು ಗಾಜನ್ನು ಕಣ್ಣಿಗೆ ಹಿಡಿದು, ನಟಿ ಮಾರ್ಗೊ ಪೆಲಾಮ್‌ಳ ಕೆನ್ನೆಯ ಮೇಲೆ ಬಿದ್ದ ನೆರಳನ್ನು ಅಳೆಯುತ್ತಿದ್ದರು. ಮೊದಲ ಸಲ ಕ್ಯಾಮೆರಾದ ಪೆಟ್ಟಿಗೆ ಹೊತ್ತಾಗ ಅವರಿಗೆ ಹದಿನಾಲ್ಕು, ಈಗ ಅರವತ್ತೆರಡು. ಯುದ್ಧವನ್ನು ಚಿತ್ರಿಸಿದರು, ರಾಣಿಯರ ಪಾತ್ರದವರಿಗೆಲ್ಲ ಬೆಳಕು ಕೊಟ್ಟರು, ನಡುವೆ ಎರಡು ಸಲ ನಿರ್ದೇಶಕರ ಕುರ್ಚಿಯಲ್ಲಿ ಕೂತರು. ಎರಡೂ ಸಲ ಕುರ್ಚಿ ಕಳೆದುಕೊಂಡರು. ಮತ್ತೆ ದೀಪಗಳ ಮಧ್ಯೆ ಬಂದು ನಿಂತರು. ನಾನು ಅವರ ಕ್ಯಾಮೆರಾಕ್ಕೆ ಫೋಕಸ್ ಹಿಡಿಯುವವನು, ಎಂಟು ವರ್ಷದಿಂದ.

ಜೂಲಿಯನ್ನನ ಕೂಗಾಟಕ್ಕೆ ಕಾರಣ ಎಲ್ಲರಿಗೂ ಗೊತ್ತಿತ್ತು. ಶೂಟಿಂಗ್ ಮೂರು ದಿನ ಹಿಂದೆ ಬಿದ್ದಿತ್ತು. ಇವತ್ತಿನ ಪಟ್ಟಿಯಲ್ಲಿ ಒಂದು ಶಾಟ್ ಉಳಿದರೂ ಜೂಲಿಯನ್ ಮನೆಗೆ, ಉಳಿದ ಸಿನಿಮಾ ಸಿರಿಲ್ ಕೈಗೆ ಎಂದು ನಿರ್ಮಾಪಕ ಸ್ಪರ್ಲಿಂಗ್ ಬೆಳಿಗ್ಗೆ ಕ್ಯಾಂಟೀನಿನಲ್ಲೇ ಹೇಳಿದ್ದ. ಉಳಿದಿದ್ದು ಈ ಒಂದೇ ಶಾಟ್. ಮಗನ ಕಾಗದ ಓದಿ ಮಾರ್ಗೊ ಕಿಟಕಿಯ ಕಡೆ ತಿರುಗಬೇಕು, ಅಷ್ಟೇ. ನಾಳೆ ಬೆಳಿಗ್ಗೆ ಸೆಟ್ ಒಡೆಯುವವರು ಬರುತ್ತಾರೆ. ಇವತ್ತು ಆಗದಿದ್ದರೆ ಆ ಶಾಟ್ ಸಿನಿಮಾದಲ್ಲೇ ಇರುವುದಿಲ್ಲ.

ಬೆಳಿಗ್ಗೆ ಸಿರಿಲ್ ತಮ್ಮ ಚೀಲ ತೆರೆದಾಗ ನಾನು ಕಂಡಿದ್ದೆ. ಕುರ್ಚಿಯಲ್ಲಿ ಕೂತ ಕಾಲದಲ್ಲಿ ಕೊರಳಿಗೆ ಹಾಕಿಕೊಳ್ಳುತ್ತಿದ್ದ, ಶಾಟ್ ಹೇಗೆ ಕಾಣುತ್ತದೆಂದು ನೋಡುವ ನಿರ್ದೇಶಕರ ದುರ್ಬೀನು ಒಳಗಿತ್ತು. ಅದಕ್ಕೆ ಹೊಸ ಪಟ್ಟಿ ಹಾಕಿಸಿದ್ದರು, ಸುಳಿವು ಮೊದಲೇ ಸಿಕ್ಕಿತ್ತೇನೋ.

"ಎಷ್ಟು ಹೊತ್ತೋ ಸಿರಿಲ್?" ಮಾರ್ಗೊ ಕೂತಲ್ಲಿಂದಲೇ ಗೊಣಗಿದಳು. ಅವಳಿಗೆ ಎಪ್ಪತ್ತು. ಮೂರು ಗಂಟೆಯಿಂದ ಆ ಶಾಖದಲ್ಲಿ ಕೂತಿದ್ದಳು. "ನನ್ನ ಮುಖಕ್ಕೆ ಇಸ್ತ್ರಿ ಹಾಕ್ತಿದ್ದೀಯಾ?"

"ಇಸ್ತ್ರಿ ಹಾಕಿದ್ರೆ ಹಾಳಾಗುತ್ತೆ ಕಣೇ. ಒಂದೊಂದು ಗೆರೇನೂ ಬೇಕು ನಂಗೆ."

"ಹಂಗಾದ್ರೆ ನಿಧಾನಕ್ಕೆ ಎಣಿಸು. ತುಂಬಾ ಇವೆ."

ಐದೂ ಹತ್ತಕ್ಕೆ ಸಿರಿಲ್ ಸಿದ್ಧವೆಂದು ತಲೆಯಾಡಿಸಿದರು. ಕ್ಯಾಮೆರಾ ಓಡಿತು. ಮಾರ್ಗೊ ಚೆನ್ನಾಗಿಯೇ ಮಾಡಿದಳು. ಜೂಲಿಯನ್ ಕುಣಿಯುವುದೊಂದು ಬಾಕಿ. ನಾನು ಕ್ಯಾಮೆರಾ ತೆರೆದು ಟಾರ್ಚು ಬಿಟ್ಟು ನೋಡಿದೆ. ಫಿಲಂ ಹಾಯುವ ಕಿಂಡಿಯ ಅಂಚಿನಲ್ಲಿ ಕೂದಲೆಳೆಯಷ್ಟು ಫಿಲಂ ಸಿಪ್ಪೆ. ಪರದೆಯ ಮೇಲೆ ಅದು ಹಗ್ಗದಷ್ಟು ಕಾಣುತ್ತದೆ, ಶಾಟ್ ಮತ್ತೆ ತೆಗೆಯಲೇಬೇಕು. ಹೇಳಬೇಕಾದದ್ದು ನನ್ನ ಕೆಲಸ, ಹೇಳಿದೆ. ನಿಜ ಹೇಳುತ್ತೇನೆ, ಹೇಳುವಾಗ ಖುಷಿಯಾಯಿತು.

ಗಡಿಯಾರದಲ್ಲಿ ಐದೂ ಹದಿನೆಂಟು. ಐದೂ ಇಪ್ಪತ್ತಕ್ಕೆ ನಮ್ಮ ದಿನ ಮುಗಿಯುತ್ತದೆ. ಅದರ ಮೇಲೆ ಕಾಲು ಗಂಟೆ ಬೇಕಾದರೆ ನಿರ್ದೇಶಕ ಕೇಳಬೇಕು, ನಾವು ಕೈ ಎತ್ತಿ ಒಪ್ಪಬೇಕು.

"ಟಫ್ನೆಲ್, ಕಾಲು ಗಂಟೆ ಬೇಕಿತ್ತು," ಎಂದ ಜೂಲಿಯನ್. ದನಿ ಇಳಿದಿತ್ತು.

ದೀಪದವರ ಮೇಸ್ತ್ರಿ ಡೆರೆಕ್ ಟಫ್ನೆಲ್ ನಮ್ಮ ಯೂನಿಯನ್ನಿನ ಮುಖಂಡನೂ ಹೌದು. ಬಾಯಲ್ಲಿದ್ದ ಸಿಗರೇಟನ್ನು ನಿಧಾನವಾಗಿ ಆರಿಸಿದ.

"ಕೇಳಿಸ್ತಲ್ಲ? ಸಾಹೇಬ್ರಿಗೆ ಕಾಲು ಗಂಟೆ ಬೇಕಂತೆ. ಕೊಡೋರು ಕೈ ಎತ್ತಿ. ಸಾಹೇಬ್ರು ಆಗ್ಲೇ ಒಂದ್ಸಲ ಎತ್ತಿ ಅಂದಿದ್ರು, ಅಭ್ಯಾಸ ಆಗಿರ್ಬೇಕು."

ಯಾರೋ ಕಿಸಕ್ಕೆಂದರು. ಒಂದು ಕೈಯೂ ಮೇಲೇಳಲಿಲ್ಲ. ಬಡಗಿಗಳು ಎದೆಗೆ ಕೈಕಟ್ಟಿ ನಿಂತರು. ಬಾಗಿಲ ಬಳಿ ಸ್ಪರ್ಲಿಂಗ್ ನಿಂತಿದ್ದ, ಸಿರಿಲ್ ಕಡೆ ನೋಡಿ ತಲೆದೂಗಿದ. ಜೂಲಿಯನ್ನನ ಮುಖ ಸುಣ್ಣವಾಗಿತ್ತು. ನನ್ನ ಹೊಟ್ಟೆಯೊಳಗೆ ಹಾಲು ಹೊಯ್ದಂತಾಯಿತು. ಹದಿನೈದಕ್ಕೆ ಶಾಲೆ ಬಿಟ್ಟ ದಿನದಿಂದ ಇಂಥ ನಯವಾದ ನಾಲಿಗೆಯವರ ಕೈಕೆಳಗೇ ದುಡಿದಿದ್ದೇನೆ. ಒಬ್ಬನಾದರೂ ಬೀಳುವುದನ್ನು ನೋಡಬೇಕಿತ್ತು.

ಸಿರಿಲ್ ಮತ್ತೆ ಗಾಜು ಎತ್ತಿ ಮಾರ್ಗೊಳನ್ನು ನೋಡಿದರು. ಅವಳು ಕದಲಿರಲಿಲ್ಲ, ಕಾಗದ ಇನ್ನೂ ಕೈಯಲ್ಲೇ ಇತ್ತು. ಅವರು ಬಹಳ ಹೊತ್ತು ನೋಡಿದರು. ಆಮೇಲೆ ಗಾಜು ಬಿಟ್ಟು, ನೋಯುವ ಭುಜವನ್ನು ಇನ್ನೊಂದು ಕೈಯಿಂದ ಹಿಡಿದುಕೊಂಡು, ಕೈ ಎತ್ತಿದರು.

"ಯಜಮಾನ್ರೇ, ಬೇಡ," ಎಂದ ಡೆರೆಕ್. "ಕೆಳಗಿಳಿಸಿ ಕೈನ. ನಿಮಗೋಸ್ಕರಾನೇ ಸುಮ್ನಿದ್ದೀವಿ ನಾವು."

"ಬೆಳಕು ಕೂತಿದೆ ಡೆರೆಕ್. ಅವಳೂ ಕೂತಿದ್ದಾಳೆ."

"ನಾಳೆ ಕುರ್ಚಿ ನಿಮ್ದು!"

"ನಾಳೆ ಈ ಕಿಟಕಿ ಇರಲ್ಲ."

ಸಿರಿಲ್ ಕೈ ಇಳಿಸಲಿಲ್ಲ. ಡೆರೆಕ್ ಬೈಗುಳವೊಂದನ್ನು ನುಂಗಿ ತನ್ನ ಕೈ ಎತ್ತಿದ. ದೀಪದವರು ಎತ್ತಿದರು, ಬಡಗಿಗಳು ಎತ್ತಿದರು. ಎಲ್ಲರಿಗಿಂತ ಕೊನೆಗೆ ನಾನು.

ಎರಡನೆಯ ಸಲ ಮಾರ್ಗೊ ತಿರುಗುವ ಮುಂಚೆ ಕಾಗದವನ್ನು ಒಂದು ಮಡಿಕೆ ಹೆಚ್ಚಾಗಿ ಮಡಿಚಿದಳು. ಯಾರೂ ಹೇಳಿಕೊಟ್ಟಿರಲಿಲ್ಲ. ಬೆಳಕು ಅವಳ ಕತ್ತಿನ ಗೆರೆಗಳ ಮೇಲೆ ಒಂದೊಂದಾಗಿ ಹಾದುಹೋಯಿತು. ನನ್ನ ಬೆರಳು ಫೋಕಸ್ಸಿನ ಚಕ್ರವನ್ನು ಅವಳ ಜೊತೆಗೇ ತಿರುಗಿಸಿತು. ಕಿಂಡಿ ನೋಡಿದೆ, ಶುಭ್ರವಾಗಿತ್ತು. ಹಾಗೆಂದು ಹೇಳಿದೆ.

ದೀಪಗಳು ಆರಿದವು. ಸ್ಪರ್ಲಿಂಗ್ ಯಾವಾಗಲೋ ಹೊರಟುಹೋಗಿದ್ದ. ಜೂಲಿಯನ್ ಸಿರಿಲ್ ಭುಜ ತಟ್ಟಿದ, ಅದೇ ನೋಯುವ ಭುಜ. "ದೀಪದ ವಿಷ್ಯದಲ್ಲಿ ನಿಮ್ಮನ್ನ ಮೀರಿಸೋರಿಲ್ಲ ಬಿಡಿ. ಆಗ ನಾನು ಕೂಗಿದ್ದೂ ಅದೇ ಅರ್ಥದಲ್ಲಿ."

ಸಿರಿಲ್ ಗಾಜನ್ನು ಒರೆಸಿ ಚೀಲದೊಳಗೆ, ದುರ್ಬೀನಿನ ಪಕ್ಕದಲ್ಲಿ ಇಟ್ಟರು. ಹೆಗಲಿಗೇರಿಸಲು ಎರಡು ಸಲ ಪ್ರಯತ್ನಿಸಬೇಕಾಯಿತು.

ನಾನು ಬಾಗಿಲವರೆಗೆ ಹಿಂದೆ ಓಡಿದೆ.

"ಯಜಮಾನ್ರೇ, ನಾನು ನೋಡಿದ್ದೀನಿ. ಎರಡೂ ಸಿನಿಮಾ. ಲೀಡ್ಸ್‌ಗೂ ಹೋಗಿದ್ದೆ. ಆಗ ಕೈ ಎತ್ಬೇಕಿತ್ತು ನಾನು."

ಅವರು ನಿಂತು ಕೇಳಿಸಿಕೊಂಡರು. ಆಮೇಲೆ ಕೋಟಿನ ಗುಂಡಿ ಹಾಕಿಕೊಂಡು, ಒದ್ದೆ ಅಂಗಳ ದಾಟಿ, ಬಸ್ಸಿನ ಕಡೆ ನಡೆದುಹೋದರು.